ಮದುವೆ ಫೋಟೊದ ಮೂವರು

ಐರ್ಲೆಂಡಿನ ಡಬ್ಲಿನ್ನಿಗೆ ಬಂದ ಮೇಲೆ ನನ್ನನ್ನು ಬಿಡದೆ ಕಾಡಿದ್ದು ಒಂದು ಹಳೆಯ ಮದುವೆ ಫೋಟೊ. 1921ರ ಅಕ್ಟೋಬರ್. ನಡುವೆ ಮದುಮಗ ಕೆವಿನ್ ಓಹಿಗಿನ್ಸ್. ಅಕ್ಕಪಕ್ಕ ಐರಿಷ್ ಸ್ವಾತಂತ್ರ್ಯ ಹೋರಾಟದ ನಾಯಕ ಡಿ ವಲೆರಾ ಮತ್ತು ಮದುಮಗನ ಆಪ್ತ ಗೆಳೆಯ ರೋರಿ ಓಕಾನರ್. ಮೂವರೂ ಬ್ರಿಟಿಷರ ವಿರುದ್ಧ ಒಟ್ಟಿಗೆ ನಿಂತವರು.

ಡಿಸೆಂಬರ್‌ನಲ್ಲಿ ಬ್ರಿಟನ್ ಜೊತೆ ಒಪ್ಪಂದವಾಯಿತು. ಒಪ್ಪಿದ ಓಹಿಗಿನ್ಸ್ ಒಂದು ಕಡೆ, ಒಲ್ಲೆ ಅಂದ ಡಿ ವಲೆರಾ, ರೋರಿ ಇನ್ನೊಂದು ಕಡೆ. ಮುಂದಿನ ಜೂನ್‌ನಲ್ಲಿ ಅಂತರ್ಯುದ್ಧ. 1922ರ ಡಿಸೆಂಬರ್ 8ರಂದು ಒಪ್ಪಂದದ ಪರವಾಗಿದ್ದವರ ಹೊಸ ಸರಕಾರ ರೋರಿಯನ್ನು ವಿಚಾರಣೆಯೇ ಇಲ್ಲದೆ ಗುಂಡಿಟ್ಟು ಕೊಂದಿತು. ಅದಕ್ಕೆ ಒಪ್ಪಿದ ಮಂತ್ರಿಗಳಲ್ಲಿ ಓಹಿಗಿನ್ಸ್ ಕೂಡ ಒಬ್ಬರು. ತನ್ನ ಮದುವೆಯಲ್ಲಿ ಪಕ್ಕದಲ್ಲೇ ನಿಂತಿದ್ದವನ ಸಾವಿಗೆ! 1927ರ ಜುಲೈನಲ್ಲಿ, ಡಬ್ಲಿನ್ ಹತ್ತಿರದ ಬೂಟರ್ಸ್‌ಟೌನ್‌ನಲ್ಲಿ ಚರ್ಚಿಗೆ ನಡೆದು ಹೋಗುತ್ತಿದ್ದ ಓಹಿಗಿನ್ಸ್‌ಗೂ, ಒಪ್ಪಂದ ಒಲ್ಲೆ ಅಂದಿದ್ದವರ ಕಡೆಯಿಂದ, ಗುಂಡು ಬಿತ್ತು. ಕೊಂದವರನ್ನು ಕ್ಷಮಿಸಿದ್ದೇನೆ ಅಂತ ಹೇಳಿ ಪ್ರಾಣ ಬಿಟ್ಟರು. ಮಗಳು ಊನಾ ಆಗಿನ್ನೂ ವರ್ಷ ತುಂಬದ ಕೂಸು.

ನಮ್ಮನೆಯ ಆಸ್ತಿ ಜಗಳವನ್ನು ಯುದ್ಧಕ್ಕೆ ಹೋಲಿಸಬಾರದು, ಗೊತ್ತು. ಆದರೂ ಅಪ್ಪ, ದೊಡ್ಡಪ್ಪ ನೆನಪಾಗುತ್ತಾರೆ. ಪಾಲಾದ ಮೇಲೆ ಒಬ್ಬರ ಮನೆ ಹೊಸ್ತಿಲನ್ನು ಇನ್ನೊಬ್ಬರು ತುಳಿಯಲಿಲ್ಲ. ಒಂದು ಸಂಕ್ರಾಂತಿಗೆ ಅಜ್ಜಿ ನನ್ನ ಕೈಲಿ ಎಳ್ಳು ಬೆಲ್ಲದ ತಟ್ಟೆ ಕೊಟ್ಟು ಕಳಿಸಿದರು. ದೊಡ್ಡಪ್ಪ ಒಂದು ಚಿಟಿಕೆ ಬಾಯಿಗೆ ಹಾಕಿಕೊಂಡರು. ಖಾಲಿ ತಟ್ಟೆ ವಾಪಸ್ ಕೊಡಬಾರದಲ್ವಾ, ಒಂದು ಕಬ್ಬಿನ ತುಂಡು ಇಟ್ಟರು. ಸಂಜೆ ತಾವೇ ಬಂದರು. "ಆದದ್ದಾಯ್ತು ಬಿಡೋ" ಅಂದರು. ಅಷ್ಟೇ. ಮಾರನೇ ದಿನದಿಂದ ನಾವು ಮಕ್ಕಳು ಮತ್ತೆ ಒಂದೇ ಅಂಗಳದಲ್ಲಿ ಆಡಿದೆವು. ಅದು ಸಣ್ಣ ವಿಷಯ ಅಲ್ಲ. ಆದರೆ ಈಗಲೂ ಬಾವಿ ಪಕ್ಕದ ಗದ್ದೆ ಮಾತು ಬಂದರೆ ಮನೆಯೆಲ್ಲ ಸುಮ್ಮನಾಗುತ್ತದೆ.

ಐರಿಷ್ ಮನೆಗಳಲ್ಲೂ ಬಹಳ ಕಾಲ ಹೀಗೇ ಬಾಯಿ ಕಟ್ಟಿತ್ತು. ಊನಾ ಮಾತ್ರ ಸುಮ್ಮನಿರಲಿಲ್ಲ. 1987ರಲ್ಲಿ, ಅಪ್ಪ ತೀರಿಕೊಂಡು 60 ವರ್ಷವಾದಾಗ, ಚರ್ಚಿನ ಬಲಿಪೂಜೆ, ಅಂದರೆ ಸತ್ತವರಿಗಾಗಿ ಪ್ರಾರ್ಥನೆ, ಮಾಡಿಸಿದರು. ಅಪ್ಪನಿಗಷ್ಟೇ ಅಲ್ಲ, ಅಪ್ಪನನ್ನು ಕೊಂದವರಿಗೂ. ನಮ್ಮಲ್ಲಾದರೆ ತಿಥಿಯ ದಿನ ಅಪ್ಪನ ಎಡೆಯ ಪಕ್ಕ ಕೊಂದವನಿಗೂ ಎಡೆ ಇಟ್ಟ ಹಾಗೆ. ಯೋಚಿಸಿದರೇ ಕೈ ನಡುಗುತ್ತದೆ. ಆಗಿದ್ದನ್ನು ಮುಚ್ಚಿಡದೆ, ಎಲ್ಲರೆದುರು ಹೇಳಿ, ಆಮೇಲೂ ಪ್ರೀತಿಸುವುದು "ಬಿಡೋ" ಅನ್ನುವುದಕ್ಕಿಂತ ಜಾಸ್ತಿ ಕಷ್ಟ. ನನಗೆ ಅದೇ ದೊಡ್ಡದು ಅನಿಸುತ್ತದೆ.

ಈ ಸಲ ಊರಿಗೆ ಹೋದಾಗ ದೊಡ್ಡಪ್ಪನ ಹತ್ತಿರ ಆ ಗದ್ದೆ ವಿಷಯ ನಾನೇ ಕೇಳಬೇಕು ಅಂತಿದ್ದೇನೆ. ಅಪ್ಪನೂ ಪಕ್ಕದಲ್ಲೇ ಕೂತಿರಲಿ.