ದುಡ್ಡು ಹಾಕುವವನೇ ಗೋಡೆಗೆ ಬಣ್ಣವನ್ನೂ ಹಚ್ಚಬೇಕಾ? ಅಂದರೆ, ಸಣ್ಣ ಸಿನಿಮಾದ ನಿರ್ಮಾಪಕನೇ ಪ್ರೊಡಕ್ಷನ್ ಡಿಸೈನ್, ಕಲಾ ನಿರ್ದೇಶನದ ಕೆಲಸವನ್ನೂ ಮಾಡಬೇಕಾ?

ಪರ: ಹಚ್ಚಲಿ, ತಪ್ಪೇನು?

ಹುಬ್ಬಳ್ಳಿ-ಧಾರವಾಡದಲ್ಲಿ ಕೂತು ಸಣ್ಣ ಸಿನಿಮಾ ಮಾಡುವವರ ಹತ್ತಿರ ದುಡ್ಡು ಕಡಿಮೆ, ಪರಿಚಯ ಜಾಸ್ತಿ. ಬೆಂಗಳೂರಿನಿಂದ ಕಲಾ ನಿರ್ದೇಶಕರನ್ನು ಕರೆಸಿದರೆ ಸಂಬಳದ ಜೊತೆಗೆ ಸಹಾಯಕರು, ಲಾಡ್ಜು, ಬಾಟಾ (ದಿನದ ಭತ್ಯೆ), ಸಾಮಾನು ತರುವ ಗಾಡಿ ಎಲ್ಲದರ ಬಿಲ್ಲೂ ಬರುತ್ತದೆ. ನಿರ್ಮಾಪಕನಿಗೇ ಕಲೆಯ ಕಣ್ಣಿದ್ದರೆ ಈ ಖರ್ಚು ಯಾಕೆ?

ಪ್ರೊಡಕ್ಷನ್ ಡಿಸೈನ್ ಅಂದರೆ ಸುಮ್ನೆ ಸೆಟ್ ಹಾಕುವುದು ಅಂದುಕೊಂಡವರೇ ಜಾಸ್ತಿ. ಯಾವ ಮನೆ, ಯಾವ ಬಣ್ಣ, ಬಾಗಿಲ ಪಕ್ಕ ಏನು ತೂಗುಹಾಕಿದೆ, ಎಲ್ಲವೂ ಅದರೊಳಗೇ ಬರುತ್ತದೆ. ಧಾರವಾಡದ ಹಂಚಿನ ಮನೆಯೋ ಗದಗ ಕಡೆಯ ಕಲ್ಲಿನ ಮನೆಯೋ ಎನ್ನುವುದು ಕಥೆ ಬರೆಯುವಾಗಲೇ ಗೊತ್ತಾದರೆ, 'ಪಡಸಾಲೆ ದೊಡ್ಡದಿದೆ, ಅಡುಗೆಮನೆ ಸೀನು ಅಲ್ಲಿಗೇ ತನ್ನಿ' ಅಂತ ನಿರ್ದೇಶಕರಿಗೆ ಆಗಲೇ ಹೇಳಬಹುದು. ಖರ್ಚು ಉಳಿಯುವುದು ಅಲ್ಲಿ. ಕಥೆ 1994ರದ್ದು ಅಂದುಕೊಳ್ಳಿ. ಡಿಜಿಟಲ್ ಮೀಟರ್ ಮುಚ್ಚಬೇಕು, ಡಿಶ್ ಇಳಿಸಬೇಕು, ಪ್ಲಾಸ್ಟಿಕ್ ಕುರ್ಚಿ ಒಳಗಿಡಬೇಕು, ಹುಬ್ಬಳ್ಳಿಯ ದುರ್ಗದಬೈಲಿನ ಪರಿಚಯದ ಅಂಗಡಿಯಿಂದ ಹಿತ್ತಾಳೆ ಕೊಡ ಎರವಲು ತರಬೇಕು. ಊರಿನ ನಿರ್ಮಾಪಕ ಇದನ್ನೆಲ್ಲ ನಾಲ್ಕು ಫೋನಿನಲ್ಲಿ ಮುಗಿಸುತ್ತಾನೆ.

ಇದೇನು ನಮ್ಮ ಕಡೆ ಹೊಸದಲ್ಲ. ಗದಗಿನ ದತ್ತಾತ್ರೇಯ ನಾಟಕ ಮಂಡಳಿಯ ಗರುಡ ಸದಾಶಿವರಾಯರು ಮಾಲೀಕರೂ ಹೌದು, ನಾಟಕಕಾರರೂ ಹೌದು, ನಟರೂ ಹೌದು. ದುಡ್ಡಿನ ಲೆಕ್ಕ ಮತ್ತು ರಂಗದ ಲೆಕ್ಕ ಒಂದೇ ತಲೆಯೊಳಗೆ ಇದ್ದವು, ನಾಟಕ ನಡೆಯಿತು.

ವಿರೋಧ: ಬ್ಯಾಡ ಬಿಡ್ರಿ

ಕಂಪನಿ ನಾಟಕದ ಮಾತು ಚೆಂದ. ಆದರೆ ಪರದೆ ಬರೆಯಲು ಕಂಪನಿಗಳು ಬೇರೆ ಕಲಾವಿದರನ್ನೇ ಇಟ್ಟುಕೊಳ್ಳುತ್ತಿದ್ದವು ಅಲ್ವಾ? ಮಾಲೀಕರು ಏಣಿ ಹತ್ತಿ ಕುಂಚ ಹಿಡಿಯುತ್ತಿರಲಿಲ್ಲ.

ಕಥೆ ಬರೆಯುವಾಗ ಇಬ್ಬರ ಕೆಲಸ ಒಬ್ಬನೇ ಮಾಡಬಹುದು, ಅಷ್ಟು ಒಪ್ಪುತ್ತೇನೆ. ಕಷ್ಟ ಬರುವುದು ಶೂಟಿಂಗ್ ದಿನ. ಲೊಕೇಶನ್ ಮನೆಯವರು ಸಿನಿಮಾದವರು ಬರುತ್ತಾರೆ ಅಂತ ಪ್ರೀತಿಯಿಂದ ಹೊಸ ಸುಣ್ಣ ಹೊಡೆಸಿರುತ್ತಾರೆ. ಈಗ ಆ ಗೋಡೆಯನ್ನು ಹಳೆಯದು ಮಾಡಬೇಕು. ಚಹಾ ಡಿಕಾಕ್ಷನ್ ಸವರಿ, ಒಣಗಲು ಬಿಟ್ಟು, ಜನ ಒರಗಿ ಕೂರುವ ಎತ್ತರದಲ್ಲಿ ಮಾತ್ರ ಎಣ್ಣೆಯ ಕಲೆ ಮಾಡಿ, ಮತ್ತೊಮ್ಮೆ ಸವರಬೇಕು. ಕಲಾ ನಿರ್ದೇಶಕನಾದರೆ ಎರಡು ಗಂಟೆ ಕೊಡಿ ಅಂತ ಜಗಳಕ್ಕೆ ನಿಲ್ಲುತ್ತಾನೆ. ನಿರ್ಮಾಪಕ ಗಡಿಯಾರ ನೋಡುತ್ತಾನೆ. ಜನರೇಟರಿನ ಡೀಸೆಲ್, ಇಡೀ ಯೂನಿಟ್ಟಿನ ಊಟ ಅವನ ಕಣ್ಣಮುಂದೆ ಓಡುತ್ತದೆ. 'ಆ ಗೋಡೆ ಫ್ರೇಮಿಗೆ ಬರೋದಿಲ್ಲ, ನಡೀರಿ' ಅಂದುಬಿಡುತ್ತಾನೆ. ಬಂದೇ ಬರುತ್ತದೆ! ಜಗಳ ಆಡಲು ಎದುರಿಗೆ ಯಾರೂ ಇಲ್ಲ, ಎರಡೂ ಅವನೇ.

1994ರ ಮನೆಗೆ ಕ್ಯಾಲೆಂಡರ್ ಬೇಕಲ್ಲ. 2022ರದ್ದರ ವಾರ, ತಾರೀಖು ಎರಡೂ ಕೂಡಿಬರುತ್ತವೆ, ವರ್ಷ ಅಂಟಿಸಿ ಮುಚ್ಚಿದರಾಯಿತು ಅನ್ನುವುದು ನಿರ್ಮಾಪಕನ ಬುದ್ಧಿ. ಅಮಾವಾಸ್ಯೆ ಕೂಡಿಬರುವುದಿಲ್ಲ. ನಮ್ಮ ಕಡೆ ಮೊದಲು ನೋಡುವುದೇ ಅದನ್ನ.

1970ರ 'ಸಂಸ್ಕಾರ' ಕಡಿಮೆ ದುಡ್ಡಿನ ಸಿನಿಮಾನೇ. ಪಟ್ಟಾಭಿರಾಮ ರೆಡ್ಡಿ ಅದಕ್ಕೆ ನಿರ್ಮಾಪಕರೂ ಆಗಿದ್ದರು, ನಿರ್ದೇಶಕರೂ ಆಗಿದ್ದರು. ಕಲಾ ನಿರ್ದೇಶನವನ್ನು ಮಾತ್ರ ಚಿತ್ರಕಲಾವಿದ ಎಸ್.ಜಿ. ವಾಸುದೇವ್ ಅವರಿಗೆ ಬಿಟ್ಟರು. ಅತ್ತ ಹಾಲಿವುಡ್‌ನಲ್ಲೂ, ಎಲ್ಲದರಲ್ಲಿ ಕೈಹಾಕುತ್ತಿದ್ದ ನಿರ್ಮಾಪಕ ಡೇವಿಡ್ ಸೆಲ್ಜ್‌ನಿಕ್ 1939ರಲ್ಲಿ ಪ್ರೊಡಕ್ಷನ್ ಡಿಸೈನರ್ ಎಂಬ ಹುದ್ದೆಯನ್ನು ವಿಲಿಯಂ ಕ್ಯಾಮರಾನ್ ಮೆಂಜಿಸ್ ಅವರಿಗೆ ಕೊಟ್ಟರು, ತಾವು ಇಟ್ಟುಕೊಳ್ಳಲಿಲ್ಲ.

ಇನ್ನು ಬೆಂಗಳೂರಿನಿಂದಲೇ ಕರೆಸಬೇಕು ಅಂತ ಹೇಳಿದವರು ಯಾರು? ಧಾರವಾಡದಲ್ಲಿ ಹಾಲಭಾವಿ ಆರ್ಟ್ ಸ್ಕೂಲ್ ಇದೆ, ಗದಗಿನಲ್ಲಿ ವಿಜಯ ಕಲಾಮಂದಿರ ಇದೆ. ಅಲ್ಲಿ ಕಲಿತ ಒಬ್ಬ ಹುಡುಗ, ಒಬ್ಬಳು ಹುಡುಗಿಯನ್ನು ಸ್ಕ್ರಿಪ್ಟ್ ಹಂತದಲ್ಲೇ ಸೇರಿಸಿಕೊಳ್ಳಿ. ಸಂಬಳ ಕೊಡಿ, ಟೈಟಲ್ ಕಾರ್ಡಿನಲ್ಲಿ ಹೆಸರು ಹಾಕಿ, ಗೋಡೆ ಒಣಗುವ ತನಕ ಕ್ಯಾಮೆರಾ ನಿಲ್ಲಿಸುವ ಅಧಿಕಾರವನ್ನೂ ಅವರಿಗೇ ಕೊಡಿ. ಹಾಗೆ ಕೊಡಲು ಮನಸ್ಸಿಲ್ಲದವರೇ 'ನನಗೂ ಬಣ್ಣ ಹಚ್ಚೋಕೆ ಬರುತ್ತದೆ' ಅಂತ ಹೇಳುವುದನ್ನು ನಾನಂತೂ ಜಾಸ್ತಿ ಕೇಳಿದ್ದೇನೆ.