ತವಕ್ಕುಲ್ ಅಂದರೆ ಕೈಕಟ್ಟಿ ಕೂರುವುದಲ್ಲ

‘ಅಲ್ಲಾಹನ ಮೇಲೆ ಪೂರ್ತಿ ಭರವಸೆ ಇದ್ದವನಿಗೆ ಲೈಫ್ ಜಾಕೆಟ್ ಯಾಕೆ?’ ಅನ್ನುವ ಸಂದೇಶ ಕಾರವಾರ, ಭಟ್ಕಳ ಕಡೆ ವಾಟ್ಸಾಪ್‌ನಲ್ಲಿ ಓಡಾಡುತ್ತಿದೆ. ಇದು ತಪ್ಪು. ತವಕ್ಕುಲ್ ಅಂದರೆ ಭರವಸೆ, ನಿಜ. ಆದರೆ ಒಂಟೆಯನ್ನು ಕಟ್ಟಿ ಭರವಸೆ ಇಡಲೋ, ಬಿಟ್ಟು ಇಡಲೋ ಎಂದು ಒಬ್ಬರು ಕೇಳಿದಾಗ, ಪ್ರವಾದಿ ಮುಹಮ್ಮದರು ಹೇಳಿದ್ದು: ಕಟ್ಟು, ಆಮೇಲೆ ಭರವಸೆ ಇಡು. (ಇದು ಕುರ್‌ಆನ್ ವಾಕ್ಯವಲ್ಲ, ತಿರ್ಮಿದಿ ಸಂಗ್ರಹದ ಹದೀಸ್, ಅಂದರೆ ಪ್ರವಾದಿಯ ಮಾತು-ನಡೆಯ ದಾಖಲೆ.) ಬೈತಖೋಲ್ ಬಂದರಿನಲ್ಲೂ ದೋಣಿ ಕಟ್ಟದೆ ಯಾರೂ ನಮಾಜಿಗೆ ಹೋಗುವುದಿಲ್ಲ, ಅಲ್ವಾ?

622ರಲ್ಲಿ ಮಕ್ಕಾ ಬಿಟ್ಟಾಗಲೂ ಪ್ರವಾದಿ ಸುಮ್ನೆ ಹೊರಟುಬಿಡಲಿಲ್ಲ. ಹೋಗಬೇಕಿದ್ದ ಮದೀನಾ ಇರುವುದು ಉತ್ತರಕ್ಕೆ. ಬೆನ್ನಟ್ಟುವವರ ಕಣ್ಣು ತಪ್ಪಿಸಲು ಅವರು ಮೊದಲು ಹೋಗಿದ್ದು ದಕ್ಷಿಣಕ್ಕೆ. ಸೌರ್ ಗುಹೆಯಲ್ಲಿ ಮೂರು ರಾತ್ರಿ ಅಡಗಿದ್ದರು. ದಾರಿ ಬಲ್ಲವನೊಬ್ಬನನ್ನು ಕೂಲಿ ಕೊಟ್ಟು ಗೊತ್ತು ಮಾಡಿಕೊಂಡಿದ್ದರು. ಅವನು ಮುಸ್ಲಿಮನೂ ಆಗಿರಲಿಲ್ಲ.