ಒರಿಜಿನಲ್ ತೋರಿಸಿ ಸ್ವಾಮಿ

ಶನಿವಾರ ರಾತ್ರಿ ಹತ್ತೂವರೆ. ಊಟ ಮುಗಿದಿದೆ, ಪಾತ್ರೆ ಸಿಂಕಿನಲ್ಲಿ ನೆನೆಯುತ್ತಿದೆ, ಬೆಳಿಗ್ಗೆ ಏಳುವ ಗಡಿಬಿಡಿ ಇಲ್ಲ. ಸೋಫಾ ಮೇಲೆ ಕಾಲು ಮಡಚಿ ಕೂತು, ಸೋನಿಯ ಹೊಸ ಗೇಮ್ ಯಂತ್ರ ಪ್ಲೇಸ್ಟೇಷನ್ 5, ಅಂದರೆ ಪಿಎಸ್ 5 ಆನ್ ಮಾಡಿ, ಪಿಎಸ್ 4 ಕಾಲದ ಕ್ರಿಕೆಟ್ ಆಟದ ಮೇಲೆ ಗುಂಡಿ ಒತ್ತಿದರೆ ಪರದೆ ಹೇಳುವುದು ಒಂದೇ ಮಾತು: ಡಿಸ್ಕ್ ಹಾಕಿ.

ಅಲ್ಲಾ, ಆಟ ಪೂರ್ತಿ ನಿನ್ನ ಹೊಟ್ಟೆಯಲ್ಲೇ ಇದೆಯಲ್ಲ ಮಾರಾಯ! ಮೊದಲ ದಿನ ಡಿಸ್ಕ್ ನುಂಗಿ, ಗರ್ರ್ ಎಂದು ಮನೆಮಂದಿಗೆಲ್ಲ ಕೇಳುವಂತೆ ಸದ್ದು ಮಾಡಿ, ಅಷ್ಟೂ ಜಿಬಿಯನ್ನು ಎಸ್‌ಎಸ್‌ಡಿ ಎಂಬ ಒಳಗಿನ ಉಗ್ರಾಣಕ್ಕೆ ಇಳಿಸಿಕೊಂಡದ್ದು ನೀನೇ ತಾನೆ? ಆಡುವಾಗ ಆಟ ಓಡುವುದೂ ಆ ಎಸ್‌ಎಸ್‌ಡಿಯಿಂದಲೇ. ಡಿಸ್ಕಿನಿಂದ ಒಂದು ಚೆಂಡೂ ಬರುವುದಿಲ್ಲ, ಒಬ್ಬ ಫೀಲ್ಡರೂ ಇಳಿಯುವುದಿಲ್ಲ. ಅದು ಬೇಕಾಗಿರುವುದು ಗುರುತು ತೋರಿಸುವುದಕ್ಕೆ. ಸರ್ಕಾರಿ ಕೌಂಟರಿನ ಮುಂದೆ ನಿಂತು ‘ಜೆರಾಕ್ಸ್ ಕೊಟ್ಟಿದೀನಿ ಸಾರ್, ನಿಮ್ಮ ಕಂಪ್ಯೂಟರಲ್ಲೂ ಕಾಣಿಸ್ತಿದೆ’ ಎಂದರೆ, ಕನ್ನಡಕದ ಮೇಲಿಂದ ನೋಡಿ ‘ಇರಲಿ, ಒರಿಜಿನಲ್ ತೋರಿಸಿ’ ಅನ್ನುತ್ತಾರಲ್ಲ, ಅದೇ ರಾಗ. ವ್ಯತ್ಯಾಸ ಇಷ್ಟೇ. ಅಲ್ಲಿ ತೋರಿಸಿ ವಾಪಸ್ ಜೇಬಿಗಿಡಬಹುದು. ಇಲ್ಲಿ ಆಟ ಮುಗಿಯುವ ತನಕ ಒರಿಜಿನಲ್ ಕೌಂಟರಿನ ಒಳಗೇ ಇರಬೇಕು.

ಸರಿ, ಹಾಕೋಣ. ಹಾಕುವುದಕ್ಕೆ ಡಿಸ್ಕ್ ಸಿಗಬೇಕಲ್ಲ?

ಪ್ರತಿ ಮನೆಯಲ್ಲೂ ಒಬ್ಬ ಪುಣ್ಯಾತ್ಮ ಇರುತ್ತಾನೆ. ಸಾಮಾನ್ಯವಾಗಿ ತಮ್ಮ, ತಮ್ಮ ಇಲ್ಲದ ಮನೆಯಲ್ಲಿ ಭಾವಮೈದ. ಇವನು ಸೋಮಾರಿ ಎಂದು ಬೈಯುವಂತಿಲ್ಲ. ಡಿಸ್ಕನ್ನು ಎಲ್ಲೆಂದರಲ್ಲಿ ಬಿಸಾಡುವವನಲ್ಲ, ಡಬ್ಬಿಯಲ್ಲೇ ಇಡುತ್ತಾನೆ. ಯಾವ ಡಬ್ಬಿ ಅನ್ನುವುದರಲ್ಲಿ ಮಾತ್ರ ಅವನಿಗೆ ಆಸಕ್ತಿ ಇಲ್ಲ. ಅವನ ಪದ್ಧತಿ ಹೀಗೆ: ಫುಟ್‌ಬಾಲ್ ಆಡಬೇಕು. ಫುಟ್‌ಬಾಲ್ ಡಬ್ಬಿ ಬಿಚ್ಚಿ ಡಿಸ್ಕ್ ತೆಗೆದ. ಯಂತ್ರದ ಎಜೆಕ್ಟ್ ಒತ್ತಿದ, ಒಳಗಿದ್ದ ಕ್ರಿಕೆಟ್ ಹೊರಗೆ ಬಂತು. ಈಗ ಎಡಗೈಯಲ್ಲಿ ಕ್ರಿಕೆಟ್, ಬಲಗೈಯಲ್ಲಿ ಫುಟ್‌ಬಾಲ್, ಎದುರಿಗೆ ಬಾಯಿ ತೆರೆದ ಖಾಲಿ ಫುಟ್‌ಬಾಲ್ ಡಬ್ಬಿ. ಕ್ರಿಕೆಟ್ ಅದರೊಳಗೆ ಹೋಯಿತು. ಟಕ್. ಎಷ್ಟು ಅಚ್ಚುಕಟ್ಟು ನೋಡಿ.

ಹೀಗೆ ಆರು ತಿಂಗಳು ನಡೆದರೆ ಮನೆಯ ಯಾವ ಡಬ್ಬಿಯಲ್ಲೂ ಅದರದೇ ಡಿಸ್ಕ್ ಇರುವುದಿಲ್ಲ.

‘ಲೋ, ಕ್ರಿಕೆಟ್ ಡಿಸ್ಕ್ ಎಲ್ಲೋ?’

‘ಡಬ್ಬೀಲೇ ಇದೆ ಕಣೋ ಅಣ್ಣ.’ ಸಿಲ್ಕ್ ಬೋರ್ಡ್ ಸಿಗ್ನಲ್ಲಿನ ಹಾರನ್ನುಗಳ ನಡುವಿಂದ ಉತ್ತರ.

‘ಡಬ್ಬೀಲಿ ಕಾರ್ ರೇಸ್ ಇದೆ.’

‘ಹಂಗಾದ್ರೆ ಕಾರ್ ರೇಸ್ ಡಬ್ಬೀಲಿ ನೋಡು.’

ಇಲ್ಲೇ ಎಲ್ಲರೂ ಎಡವುವುದು. ಕಾರ್ ರೇಸ್ ಡಬ್ಬಿ ತೆರೆದರೆ ಕುಸ್ತಿ, ಕುಸ್ತಿ ಡಬ್ಬಿಯಲ್ಲಿ ಜೇಡರ ಮನುಷ್ಯ, ಅವನ ಡಬ್ಬಿಯಲ್ಲಿ ಹೋದ ದೀಪಾವಳಿಗೆ ಆಡಿದ ಬಂದೂಕಿನ ಆಟ. ಸ್ವಲ್ಪ ತಲೆ ಓಡಿಸಿದರೆ ಕಾರಣ ಹೊಳೆಯುತ್ತದೆ. ಅವನ ಪದ್ಧತಿಯಲ್ಲಿ ಕ್ರಿಕೆಟ್ ಡಬ್ಬಿಯೊಳಗೆ ಇರುವುದು ಕ್ರಿಕೆಟ್ಟಿಗಿಂತ ಮುಂಚೆ ಆಡಿದ ಆಟ. ಆ ಜಾಡು ಹಿಡಿದು ಹೋದಷ್ಟೂ ಹಿಂದಿನ ಕಾಲಕ್ಕೇ ಹೋಗುತ್ತೇವೆ, ಕ್ರಿಕೆಟ್ ಸಿಗುವುದಿಲ್ಲ. ಕ್ರಿಕೆಟ್ ಆದ ಮೇಲೆ ಏನಾಡಿದೆ ಎಂದು ಕೇಳಬೇಕು, ಆ ಆಟದ ಡಬ್ಬಿಯನ್ನು ನೇರವಾಗಿ ತೆರೆಯಬೇಕು. ಆದರೆ ಏನಾಡಿದೆ ಎಂಬ ನೆನಪು ಇದ್ದಿದ್ದರೆ ಅವನು ಅವನಾಗಿರುತ್ತಿರಲಿಲ್ಲ. ಹೋಂ ಸ್ಕ್ರೀನಿನಲ್ಲಿ ಆಟಗಳು ಇತ್ತೀಚೆಗೆ ಆಡಿದ ಕ್ರಮದಲ್ಲೇ ಸಾಲಾಗಿ ನಿಂತಿರುತ್ತವೆ. ತಮ್ಮನಿಗಿಂತ ಅದನ್ನು ನಂಬುವುದು ಲೇಸು.

ಅಲ್ಲೂ ಸಿಗದಿದ್ದರೆ ಅಟ್ಟಕ್ಕೆ ಕೈ ಹಾಕಬೇಕು. ಪ್ಯಾಕ್ ಮಾಡಿಟ್ಟ ಹಳೆಯ ಪಿಎಸ್ 4ರ ಹೊಟ್ಟೆಯಲ್ಲಿ ಕಟ್ಟಕಡೆಯ ಡಿಸ್ಕ್ ಉಳಿದುಹೋಗಿರುವುದು ಮಾಮೂಲು. ತಲೆಕೆಳಗು ಮಾಡಿ ಕುಲುಕಿದರೆ ಬೀಳುವುದಿಲ್ಲ. ಕರೆಂಟ್ ಕೊಟ್ಟು ಆನ್ ಮಾಡಿ ಎಜೆಕ್ಟ್ ಒತ್ತಬೇಕು. ಯಂತ್ರ ಸತ್ತೇಹೋಗಿದ್ದರೆ ಕೈಯಾರೆ ಡಿಸ್ಕ್ ಹೊರತೆಗೆಯುವ ಒಂದು ಸ್ಕ್ರೂ ಇದೆ. ಮಾದರಿಗೊಂದು ಜಾಗದಲ್ಲಿ ಅಡಗಿರುತ್ತದೆ, ಸ್ಟಾರ್ ಸ್ಕ್ರೂಡ್ರೈವರ್ ಹಿಡಿದು ಹುಡುಕಿ.

ಡಿಸ್ಕ್ ಸಿಕ್ಕಿತು. ಈಗ ಯಾವ ಮುಖ? ಪಿಎಸ್ 5 ಮಲಗಿದ್ದರೆ ಚಿತ್ರ ಮೇಲಕ್ಕೆ, ಎದ್ದು ನಿಂತಿದ್ದರೆ ಚಿತ್ರ ಎಡಕ್ಕೆ. ನಿಂತ ಯಂತ್ರಕ್ಕೆ ನೂರಕ್ಕೆ ಎಂಬತ್ತು ಮಂದಿ ಬಲಕ್ಕೆ ಹಾಕುತ್ತಾರೆ (ಲೆಕ್ಕ ನನ್ನದೇ, ಯಾರೂ ಉಲ್ಲೇಖಿಸಬೇಡಿ). ಯಂತ್ರ ಮರ್ಯಾದಸ್ಥ, ತಳ್ಳುವುದಿಲ್ಲ. ಮೃದುವಾಗಿ ಒಳಗೆಳೆದುಕೊಂಡು, ಎರಡು ಸಲ ಕೆಮ್ಮಿ, ಗುರುತು ಸಿಗಲಿಲ್ಲ ಎನ್ನುತ್ತದೆ. ಆಗ ಶುರುವಾಗುವುದು ಬನಿಯನ್ ತುದಿಯಿಂದ ಡಿಸ್ಕ್ ಒರೆಸುವ ಕಾರ್ಯಕ್ರಮ. ಒರೆಸುವುದೇ ಆದರೆ ಮೆತ್ತನೆಯ ಬಟ್ಟೆಯಲ್ಲಿ ನಡುವಿನಿಂದ ಅಂಚಿಗೆ ನೇರವಾಗಿ ಒರೆಸಿ. ತಟ್ಟೆ ತೊಳೆಯುವ ಹಾಗೆ ಸುತ್ತ ತಿಕ್ಕಿದರೆ ಬೀಳುವ ಗೀರು ಡೇಟಾ ಇರುವ ದಾರಿಯ ಉದ್ದಕ್ಕೂ ಬೀಳುತ್ತದೆ.

ಇಷ್ಟು ರಾಮಾಯಣ ಬೇಡ ಎಂದು ಡಿಸ್ಕ್ ಡ್ರೈವ್ ಇಲ್ಲದ ಡಿಜಿಟಲ್ ಮಾದರಿಯನ್ನು ಅಗ್ಗಕ್ಕೆ ಸಿಕ್ಕಿತೆಂದು ಮನೆಗೆ ತಂದವರದು ಇನ್ನೂ ದೊಡ್ಡ ಕಥೆ. ಕಪಾಟಿನಲ್ಲಿ ಮೂವತ್ತು ಪಿಎಸ್ 4 ಡಿಸ್ಕ್ ಇದ್ದರೂ ತೋರಿಸಲು ಕೌಂಟರೇ ಇಲ್ಲ. 2023ರಲ್ಲಿ ಬಂದ ತೆಳು ಮಾದರಿಯಾದರೆ ಡ್ರೈವ್ ಬೇರೆ ಕೊಂಡು ಸಿಕ್ಕಿಸಬಹುದು, ಸಿಕ್ಕಿಸಿದ ಮೇಲೆ ಒಂದು ಸಲ ಇಂಟರ್ನೆಟ್ಟಿಗೆ ಜೋಡಿಸಿ ಪರಿಚಯ ಮಾಡಿಸಬೇಕು. ಮೊದಲ ಡಿಜಿಟಲ್ ಮಾದರಿಗೆ ಆ ಭಾಗ್ಯವೂ ಇಲ್ಲ.

ಪಕ್ಕದ ಮನೆಯ ಎಕ್ಸ್‌ಬಾಕ್ಸ್ ಸೀರೀಸ್ ಎಕ್ಸ್, ಮೈಕ್ರೋಸಾಫ್ಟಿನ ಗೇಮ್ ಯಂತ್ರ, ಈ ವಿಷಯದಲ್ಲಿ ವಾಸಿ ಎನ್ನಬೇಕು. ಹಳೆಯ ಎಕ್ಸ್‌ಬಾಕ್ಸ್ 360ರ ಡಿಸ್ಕ್, ಅದಕ್ಕೂ ಹಿಂದಿನ ಮೊದಲ ಎಕ್ಸ್‌ಬಾಕ್ಸ್ ಡಿಸ್ಕ್ ಕೂಡ ಒಪ್ಪುತ್ತದೆ, ಎಲ್ಲವನ್ನೂ ಅಲ್ಲ, ಪಟ್ಟಿಯಲ್ಲಿ ಹೆಸರಿದ್ದರೆ ಮಾತ್ರ. 2021ರ ನವೆಂಬರಿನಲ್ಲಿ ಕೊನೆಯದಾಗಿ 76 ಆಟ ಸೇರಿಸಿ ಆ ಪಟ್ಟಿಗೆ ಬೀಗ ಹಾಕಿದರು. ಅಲ್ಲೂ ಡಿಸ್ಕ್ ಬರೀ ಗುರುತಿನ ಚೀಟಿ. ಹಾಕಿದ ತಕ್ಷಣ ‘ಸರಿ, ನೀವು ಹೌದು’ ಎಂದು ಒಪ್ಪಿ, ಹೊಸದಾಗಿ ಕಟ್ಟಿದ ಆಟವನ್ನು ಇಂಟರ್ನೆಟ್ಟಿನಿಂದ ತರಿಸಿಕೊಳ್ಳುತ್ತದೆ. 360ರ ಆಟ 7 ಜಿಬಿ ಆಸುಪಾಸು, ಕಾಫಿ ಕುಡಿದು ಬರುವಷ್ಟರಲ್ಲಿ ಮುಗಿದೀತು. 50 ಜಿಬಿಯ ಆಟವಾದರೆ 40 ಎಂಬಿಪಿಎಸ್ ಲೈನಿನಲ್ಲಿ ಎರಡು ಮುಕ್ಕಾಲು ಗಂಟೆ, ಅದೂ ಮನೆಯಲ್ಲಿ ಬೇರೆ ಯಾರೂ ಸೀರಿಯಲ್ ನೋಡದಿದ್ದರೆ.

ಅಷ್ಟರಲ್ಲಿ ಕರೆಂಟ್ ಹೋಗುತ್ತದೆ. ಮೇ ತಿಂಗಳ ಬೆಂಗಳೂರು, ನಾಲ್ಕು ಹನಿ ಮಳೆ, ಎಲ್ಲೋ ಒಂದು ಗುಲ್‌ಮೊಹರ್ ಕೊಂಬೆ ತಂತಿಯ ಮೇಲೆ. ಕರೆಂಟ್ ಬಂದ ಮೇಲೆ ಪಿಎಸ್ 5 ಮಾಡುವ ಮೊದಲ ಕೆಲಸ ನಮಗೇ ಬೈಯುವುದು: ಹೊರಗೆ ಚುಚ್ಚಿದ ಹಾರ್ಡ್‌ಡಿಸ್ಕನ್ನು ಸರಿಯಾದ ಕ್ರಮದಲ್ಲಿ ತೆಗೆಯಲಿಲ್ಲ, ಈಗ ಪರೀಕ್ಷೆ ಮಾಡಬೇಕು. ತೆಗೆದದ್ದು ನಾವಲ್ಲಪ್ಪ, ಕೊಂಬೆ.

ಹಾರ್ಡ್‌ಡಿಸ್ಕ್ ಎಂದಾಗ ನೆನಪಾಯಿತು. ಪಿಎಸ್ 4 ಆಟಗಳನ್ನು ಹೊರಗಿನ ಯುಎಸ್‌ಬಿ ಹಾರ್ಡ್‌ಡಿಸ್ಕಿನಿಂದಲೇ ಓಡಿಸಬಹುದು, ಪಿಎಸ್ 5 ಆಟಗಳನ್ನು ಅಲ್ಲಿ ಇಟ್ಟುಕೊಳ್ಳಬಹುದು ಅಷ್ಟೇ, ಓಡಿಸಲಾಗದು. ಮೊದಲ ಮಾದರಿಯ 825 ಜಿಬಿಯಲ್ಲಿ ಬಳಕೆಗೆ ಸಿಗುವುದೇ 667, ಆದ್ದರಿಂದ ಹಳೆಯದನ್ನೆಲ್ಲ ಹೊರಗೆ ಹಾಕುವುದು ಜಾಣತನ. ಹಾರ್ಡ್‌ಡಿಸ್ಕ್ 250 ಜಿಬಿಗಿಂತ ಕಡಿಮೆ ಇರಬಾರದು, 8 ಟಿಬಿ ಮೀರಬಾರದು, ಯುಎಸ್‌ಬಿ 3.0 ಆಗಿರಬೇಕು, ನಡುವೆ ಹಬ್ ಇರಕೂಡದು. ಮೊದಲ ಸಲ ಚುಚ್ಚಿದಾಗ ಫಾರ್ಮ್ಯಾಟ್ ಮಾಡಲೇ ಎಂದು ಕೇಳುತ್ತದೆ. ಹೂಂ ಅನ್ನುವ ಮುನ್ನ ಅಕ್ಕನ ಸೀಮಂತದ ಫೋಟೋಗಳು ಅದರಲ್ಲೇ ಇವೆಯೇ ಎಂದು ಒಮ್ಮೆ ನೋಡಿಕೊಳ್ಳಿ.

ಇನ್ನು ಸೇವ್ ಫೈಲ್. ಹಳೆಯ ಆಟದಲ್ಲಿ ನಲವತ್ತು ಗಂಟೆ ಬೆವರಿದ್ದೀರಿ, ಹೊಸದರಲ್ಲಿ ಮತ್ತೆ ಮೊದಲ ಓವರಿನಿಂದ ಯಾರು ಆಡುತ್ತಾರೆ? ಪ್ಲೇಸ್ಟೇಷನ್ ಪ್ಲಸ್ ಚಂದಾ ಕಟ್ಟಿದ್ದರೆ ಕ್ಲೌಡಿನಿಂದ ಬರುತ್ತದೆ. ಕಟ್ಟದವರಿಗೆ ಪೆನ್‌ಡ್ರೈವ್ ಇದೆ. ಅದರ ಫಾರ್ಮ್ಯಾಟ್ ಎಕ್ಸ್‌ಫ್ಯಾಟ್ ಅಥವಾ ಫ್ಯಾಟ್32 ಆಗಿರಬೇಕು, ಆಫೀಸಿನಿಂದ ತಂದ ಎನ್‌ಟಿಎಫ್‌ಎಸ್ ಪೆನ್‌ಡ್ರೈವ್ ಚುಚ್ಚಿದರೆ ಗುರುತೇ ಹಿಡಿಯುವುದಿಲ್ಲ. ಪಿಎಸ್ 4ರಲ್ಲಿ ಸೆಟ್ಟಿಂಗ್ಸ್, ಅಲ್ಲಿಂದ ಅಪ್ಲಿಕೇಶನ್ ಸೇವ್ಡ್ ಡೇಟಾ ಮ್ಯಾನೇಜ್‌ಮೆಂಟ್, ಅಲ್ಲಿಂದ ಸೇವ್ಡ್ ಡೇಟಾ ಇನ್ ಸಿಸ್ಟಮ್ ಸ್ಟೋರೇಜ್, ಅಲ್ಲಿಂದ ಕಾಪಿ ಟು ಯುಎಸ್‌ಬಿ. ಮದುವೆ ಕಾಗದದಲ್ಲಿ ವರನ ವಂಶಾವಳಿ ಓದಿದ ಹಾಗೆ. ಎರಡೂ ಯಂತ್ರದಲ್ಲಿ ಒಂದೇ ಅಕೌಂಟ್ ಇರಬೇಕು ಎನ್ನುವುದನ್ನು ಮರೆತರೆ ಇಷ್ಟೂ ನೀರಲ್ಲಿ ಹೋಮ.

ಎಲ್ಲ ಸರಿಯಾಗಿ ಮಾಡಿಯೂ ಆಟ ‘ಹೊಸ ಕೆರಿಯರ್ ಶುರು ಮಾಡಲೇ?’ ಎಂದು ಕೇಳಿದರೆ ಗಾಬರಿ ಬೇಡ. ಒಂದೇ ಆಟಕ್ಕೆ ಪಿಎಸ್ 4, ಪಿಎಸ್ 5 ಎರಡೂ ಅವತಾರ ಇದ್ದರೆ ನೀವು ತೆರೆದಿರುವುದು ಹೊಸ ಅವತಾರ. ಹಳೆಯ ಸೇವ್ ಅದಕ್ಕೆ ತಾನಾಗಿ ಕಾಣುವುದಿಲ್ಲ. ಪ್ಲೇ ಗುಂಡಿಯ ಪಕ್ಕದ ಮೂರು ಚುಕ್ಕಿ ಒತ್ತಿ ಪಿಎಸ್ 4 ಆವೃತ್ತಿ ಆರಿಸಿ. ಹಳೆಯ ಡ್ಯುಯಲ್‌ಶಾಕ್ 4 ಕಂಟ್ರೋಲರಿನದೂ ಇದೇ ಗೋಳು. ಪಿಎಸ್ 5ರಲ್ಲಿ ಅದು ಪಿಎಸ್ 4 ಆಟಗಳಿಗೆ ಮಾತ್ರ ಸಲ್ಲುತ್ತದೆ. ಪಂದ್ಯಕ್ಕೆಂದು ಬಂದ ಭಾವನಿಗೆ ಅದನ್ನು ಕೊಟ್ಟು ಹೊಸ ಆವೃತ್ತಿ ತೆರೆದರೆ, ಅವರು ಅರ್ಧ ಗಂಟೆ ಸುಮ್ಮನೆ ಗುಂಡಿ ಒತ್ತಿ ‘ನಿಮ್ಮ ಮನೆ ಬ್ಯಾಟ್ ಸರಿ ಇಲ್ಲ ಕಣಪ್ಪ’ ಎಂದು ಎದ್ದು ಹೋಗುತ್ತಾರೆ.

ಇಷ್ಟೆಲ್ಲ ಅಪ್ಪನ ಕಾಲದ ಮಾತಾಯಿತು. ತಾತನ ಕಾಲಕ್ಕೆ ಹೋದರೆ ಮೊಮ್ಮಗ ಪಿಎಸ್ 5 ಮುಖ ತಿರುಗಿಸುತ್ತಾನೆ. ಪಿಎಸ್ 2 ಒಳ್ಳೆಯ ಮನೆತನದ್ದು, ಪಿಎಸ್ 1ರ ಸಿಡಿಗಳನ್ನು ಬಹುಪಾಲು ಆಡಿಸುತ್ತಿತ್ತು. 2006ರ ಮೊದಲ ಪಿಎಸ್ 3ರ ಒಳಗೆ ಪಿಎಸ್ 2ರ ಚಿಪ್ಪುಗಳನ್ನೇ ಕೂರಿಸಿದ್ದರು, ಖರ್ಚು ಹೆಚ್ಚಾಯಿತೆಂದು ಆಮೇಲೆ ಕಿತ್ತರು. ಪಿಎಸ್ 3ರ ಸೆಲ್ ಎಂಬ ಪ್ರೊಸೆಸರ್ ಎಂಥ ವಿಚಿತ್ರ ಪ್ರಾಣಿ ಎಂದರೆ, ಅದಕ್ಕೆ ಬರೆದ ಆಟ ಪಿಎಸ್ 4, 5ರ ಪಿಸಿ ಜಾತಿಯ ಚಿಪ್ಪಿಗೆ ಅರ್ಥವಾಗುವುದೇ ಇಲ್ಲ. ಪಿಎಸ್ 5ರ ಡ್ರೈವಿಗೆ ಸಿಡಿ ಓದಲೂ ಬರುವುದಿಲ್ಲ, ಹಾಗಾಗಿ ಪಿಎಸ್ 1ರ ಕಪ್ಪು ಹೊಟ್ಟೆಯ ಡಿಸ್ಕುಗಳ ಮಾತೇ ಬೇಡ. ಡಿವಿಡಿ ಓದಲು ಬರುತ್ತದೆ. ಚಿಕ್ಕಪ್ಪನ ಮಗಳ ಮದುವೆಯ ಡಿವಿಡಿ ಹಾಕಿದರೆ ಧಾರೆಯಿಂದ ಬೀಗರ ಊಟದ ತನಕ ಚಕಾರವೆತ್ತದೆ ತೋರಿಸುತ್ತದೆ. ಅದೇ ಡಿವಿಡಿಯ ಅಳತೆಯ ಪಿಎಸ್ 2 ಆಟ ಹಾಕಿದರೆ, ನೀವ್ಯಾರು ಗೊತ್ತಾಗಲಿಲ್ಲ.

ಹೊಟ್ಟೆ ಉರಿಯುವುದು ಇಲ್ಲೇ. 2006ರಲ್ಲಿ ಪಿಎಸ್ 2ಗೂ ಪಿಸಿಗೂ ಬಂದ ಕ್ರಿಕೆಟ್ 07 ಆಮೇಲಿನ ಯಾವ ಪ್ಲೇಸ್ಟೇಷನ್ನಿಗೂ ಬರಲಿಲ್ಲ. 2009ರಲ್ಲಿ ಭಾರತಕ್ಕೆಂದೇ ಮಾಡಿದ ದೇಸಿ ಅಡ್ಡಾ ಎಂಬ ಆಟದಲ್ಲಿ ಕಬಡ್ಡಿ, ಗಾಳಿಪಟ, ನಮ್ಮ ಚಿನ್ನಿದಾಂಡು ಕೂಡ ಇತ್ತು. ಅದೂ ಪಿಎಸ್ 2ರ ಜೊತೆಗೇ ಅಟ್ಟ ಸೇರಿತು. ಆಡಲೇಬೇಕೆಂದರೆ ಪಿಎಸ್ 2ನ್ನೇ ಕೆಳಗಿಳಿಸಬೇಕು. ಹೊಸ ಟಿವಿಯಲ್ಲಿ ಅದರ ಚಿತ್ರದ ಹಳದಿ ವೈರಿಗೆ ಹಳದಿ ತೂತು ಇರುವುದಿಲ್ಲ, ಹಲವು ಟಿವಿಗಳಲ್ಲಿ ಅದನ್ನು ಹಸಿರಿಗೆ ಚುಚ್ಚಬೇಕು. ಚಿತ್ರ ಕಪ್ಪು-ಬಿಳುಪಾಗಿ ಬಂದರೆ ಟಿವಿ ಅದನ್ನು ಕಾಂಪೊನೆಂಟ್ ಎಂಬ ಬೇರೆ ಬಗೆಯ ಸಂಪರ್ಕ ಎಂದುಕೊಂಡಿದೆ, ಇನ್‌ಪುಟ್ಟನ್ನು ಎವಿಗೆ ಬದಲಿಸಿ. ಆ ತೂತೂ ಇಲ್ಲದಿದ್ದರೆ ಎಸ್‌ಪಿ ರೋಡಿನಲ್ಲಿ ಬೆರಳುದ್ದದ ಎಚ್‌ಡಿಎಂಐ ಅಡಾಪ್ಟರ್ ಸಿಗುತ್ತದೆ. ಟಿವಿಯ ಗೇಮ್ ಮೋಡ್ ಹಾಕದಿದ್ದರೆ ಚೆಂಡು ಕೀಪರ್ ಕೈ ಸೇರಿದ ಮೇಲೆ ಬ್ಯಾಟ್ ಬೀಸುತ್ತದೆ.

ಇಷ್ಟಾದ ಮೇಲೆ 8 ಎಂಬಿಯ ಮೆಮೊರಿ ಕಾರ್ಡ್ ತೆರೆದುಕೊಳ್ಳುತ್ತದೆ. ಪ್ರತಿ ಸೇವಿಗೂ ಒಂದು ಪುಟ್ಟ ಬೊಂಬೆ, ತನ್ನಷ್ಟಕ್ಕೆ ಗಿರಿಗಿರಿ ತಿರುಗುತ್ತಿರುತ್ತದೆ. ಒಂದಕ್ಕೆ ಇಂಗ್ಲಿಷ್ ಅಕ್ಷರದಲ್ಲಿ ಅಣ್ಣ ಎಂಬ ಹೆಸರು, ಇನ್ನೊಂದಕ್ಕೆ ತಮ್ಮ. ಅರ್ಧಕ್ಕೆ ನಿಂತ ಟೆಸ್ಟ್, ನಾಲ್ಕನೇ ಇನ್ನಿಂಗ್ಸ್, ಗೆಲ್ಲಲು 38 ರನ್ ಬೇಕು, ಕೈಯಲ್ಲಿ ಎರಡು ವಿಕೆಟ್. ಬೌಲಿಂಗ್ ಮಾಡಬೇಕಾದ ದೊಡ್ಡಣ್ಣ ಟೊರಾಂಟೋದಲ್ಲಿದ್ದಾನೆ, ಅಲ್ಲಿ ಈಗ ಮಧ್ಯಾಹ್ನ, ಏನೋ ಕೆಲಸದಲ್ಲಿರುತ್ತಾನೆ. ಕಂಪ್ಯೂಟರಿಗೆ ಬೌಲಿಂಗ್ ಕೊಟ್ಟು ಮುಗಿಸಿಬಿಡಬಹುದು. ಯಾರೂ ಮುಗಿಸಿದ್ದು ನೋಡಿಲ್ಲ.

ಆಡೋಣವೆಂದರೆ ಆ ಡಿಸ್ಕೂ ಡಬ್ಬಿಯಲ್ಲಿಲ್ಲ. ಈ ಸಲ ತಮ್ಮನ ತಪ್ಪಿಲ್ಲ. ‘ಹೊಸ ಮಿಷಿನ್ನು ಅದನ್ನ ತಗೊಳಲ್ವಲ್ಲ, ಸುಮ್ನೆ ಬಿದ್ದಿತ್ತು’ ಎಂದು ಅಮ್ಮ ಅದಕ್ಕೆ ಹೂ ಕಟ್ಟುವ ದಾರ ಪೋಣಿಸಿ, ಪಾರಿವಾಳ ಹೆದರಲಿ ಎಂದು ಬಾಲ್ಕನಿಯ ಗ್ರಿಲ್ಲಿಗೆ ತೂಗುಹಾಕಿದ್ದಾರೆ. ಎರಡು ಬೇಸಿಗೆಯ ಬಿಸಿಲಿಗೆ ಚಿತ್ರವೆಲ್ಲ ಅಳಿಸಿ ಬೆಳ್ಳಿ ತಟ್ಟೆಯಾಗಿದೆ, ಗಾಳಿ ಬಂದಾಗ ಫಳಫಳ ಹೊಳೆಯುತ್ತದೆ. ಕಂಪನಿಯ ಅಸಲಿ ಡಿಸ್ಕು. ಅದರ ಕೆಳಗೇ, ಎಸಿ ಔಟ್‌ಡೋರ್ ಪೆಟ್ಟಿಗೆಯ ಮೇಲೆ, ಪಾರಿವಾಳ ಎರಡು ಮೊಟ್ಟೆ ಇಟ್ಟು ಕೂತಿದೆ.